ಭವಿಷ್ಯವೇ ಬಂದು ಯಂತ್ರ ನಿಲ್ಲಿಸಿತೇ?

2008ರ ಸೆಪ್ಟೆಂಬರ್ 19. ಜಿನೀವಾ ನಗರದ ಹೊರವಲಯದಲ್ಲಿ ನೆಲದಿಂದ ಸುಮಾರು ನೂರು ಮೀಟರ್ ಆಳಕ್ಕೆ ಕೊರೆದ 27 ಕಿ.ಮೀ. ಸುತ್ತಳತೆಯ ಸುರಂಗವೊಂದಿದೆ. ಅದರೊಳಗೆ ಎರಡು ಭಾರಿ ಆಯಸ್ಕಾಂತಗಳ ನಡುವಿನ ವಿದ್ಯುತ್ ಬೆಸುಗೆಯೊಂದು ಅಂದು ಕೈಕೊಟ್ಟಿತು. ಕಿಡಿ ಹಾರಿತು, ಹೀಲಿಯಂ ತುಂಬಿದ ಕವಚಕ್ಕೆ ತೂತು ಬಿತ್ತು. ಮೈನಸ್ 271 ಡಿಗ್ರಿ ಸೆಲ್ಸಿಯಸ್‌ನಲ್ಲಿ ತಣ್ಣಗೆ ಕೂತಿದ್ದ ದ್ರವ ಹೀಲಿಯಂ ಟನ್‌ಗಟ್ಟಲೆ ಅನಿಲವಾಗಿ ಉಬ್ಬಿ ನುಗ್ಗಿದ ರಭಸಕ್ಕೆ ಮೂವತ್ತು ಟನ್ ಮೀರಿದ ತೂಕದ ಆಯಸ್ಕಾಂತಗಳು ಕೂತಲ್ಲಿಂದ ಕದಲಿ ಪಕ್ಕಕ್ಕೆ ಸರಿದವು. ಕಣಗಳನ್ನು ಓಡಿಸಿ ಡಿಕ್ಕಿ ಹೊಡೆಸುವ, ಲಾರ್ಜ್ ಹ್ಯಾಡ್ರಾನ್ ಕೊಲೈಡರ್ ಎಂಬ ಆ ಯಂತ್ರ ಚಾಲೂ ಆಗಿ ಆಗಿನ್ನೂ ಒಂಬತ್ತು ದಿನ. 53 ಆಯಸ್ಕಾಂತಗಳನ್ನು ಮೇಲಕ್ಕೆತ್ತಿ, ರಿಪೇರಿ ಮಾಡಿ ಅಥವಾ ಬದಲಿಸಿ, ಮತ್ತೆ ಕಣಗಳನ್ನು ಓಡಿಸುವ ಹೊತ್ತಿಗೆ 2009ರ ನವೆಂಬರ್ 20 ಬಂದಿತ್ತು.

ಏನು ಕೆಟ್ಟಿತು, ಏಕೆ ಕೆಟ್ಟಿತು ಎಂಬುದನ್ನು ಯಂತ್ರ ನಡೆಸುವ ಸರ್ನ್ ಸಂಸ್ಥೆಯ ಎಂಜಿನಿಯರುಗಳು ಪತ್ತೆ ಹಚ್ಚಿ ವರದಿ ಕೊಟ್ಟರು. ಅದರಲ್ಲಿ ನಿಗೂಢವೇನೂ ಇರಲಿಲ್ಲ. ಆದರೆ ಕೋಪನ್‌ಹೇಗನ್‌ನ ಹೋಲ್ಗರ್ ಬೆಕ್ ನೀಲ್ಸನ್ ಮತ್ತು ಜಪಾನಿನ ಕ್ಯೋಟೊದ ಮಸಾವೊ ನಿನೊಮಿಯಾ ಎಂಬ ಇಬ್ಬರು ಭೌತವಿಜ್ಞಾನಿಗಳು, ಈ ಅಪಘಾತಕ್ಕೆ ಮೊದಲೇ, 2007ರಲ್ಲಿ, ಒಂದು ವಿಚಿತ್ರ ಪ್ರಬಂಧ ಬರೆದಿಟ್ಟಿದ್ದರು. ಹಿಗ್ಸ್ ಬೋಸಾನ್ ಎಂಬ ಕಣವನ್ನು ದೊಡ್ಡ ಸಂಖ್ಯೆಯಲ್ಲಿ ಹುಟ್ಟಿಸಹೊರಟ ಯಾವ ಯಂತ್ರಕ್ಕೂ ಕೆಟ್ಟ ಗಳಿಗೆ ಕಾದಿದೆ ಎಂಬುದು ಅದರ ತಿರುಳು. ಆ ಕೆಟ್ಟ ಗಳಿಗೆಯ ಕಾರಣ ಯಂತ್ರದ ಹಿಂದಿನ ಚರಿತ್ರೆಯಲ್ಲಿ ಇರುವುದಿಲ್ಲ, ಅದರ ಮುಂದಿನ ದಿನಗಳಲ್ಲಿ ಇರುತ್ತದೆ. ಮುಂದೆ ಹುಟ್ಟಬೇಕಾದ ಹಿಗ್ಸ್ ಕಣಗಳೇ ಹಿಂದಕ್ಕೆ ಕೈಚಾಚಿ ತಮ್ಮ ಹುಟ್ಟನ್ನು ತಡೆಯುತ್ತವೆ ಎಂದರು ಅವರು.

ನೀಲ್ಸನ್ ಸಾಮಾನ್ಯರಲ್ಲ, ಸ್ಟ್ರಿಂಗ್ ಸಿದ್ಧಾಂತಕ್ಕೆ ಅಡಿಪಾಯ ಹಾಕಿದವರಲ್ಲಿ ಒಬ್ಬರು. ಅವರ ವಾದಕ್ಕೆ ಗಣಿತದ ಬೆಂಬಲವಿತ್ತು. ಕಣವೊಂದು ಒಂದು ಸ್ಥಿತಿಯಿಂದ ಇನ್ನೊಂದಕ್ಕೆ ಹೋಗಲು ಎಷ್ಟು ದಾರಿಗಳಿವೆಯೋ ಅಷ್ಟಕ್ಕೂ ಭೌತಶಾಸ್ತ್ರ ‘ಆಕ್ಷನ್’ ಎಂಬ ಒಂದೊಂದು ಬೆಲೆ ಕಟ್ಟುತ್ತದೆ. ಈ ಬೆಲೆ ವಾಸ್ತವ ಸಂಖ್ಯೆಯೇ ಆಗಿರಬೇಕು ಎಂದು ಎಲ್ಲರೂ ಒಪ್ಪಿಕೊಂಡು ಬಂದಿದ್ದರು. ಅದಕ್ಕೆ ಮೈನಸ್ ಒಂದರ ವರ್ಗಮೂಲ ಸೇರಿದ ಒಂದು ಕಾಲ್ಪನಿಕ ಭಾಗವೂ ಇದ್ದರೆ ಏನಾದೀತು ಎಂದು ಈ ಇಬ್ಬರೂ ಲೆಕ್ಕ ಹಾಕಿದರು. ಆಗ ಕೆಲವು ಇತಿಹಾಸಗಳು, ಅಂದರೆ ಹಿಗ್ಸ್ ಕಣಗಳು ಹೇರಳವಾಗಿ ಹುಟ್ಟುವಂಥ ಇತಿಹಾಸಗಳು, ಘಟಿಸುವ ಸಂಭವವೇ ಕುಗ್ಗಿಹೋಗುತ್ತದೆ. ಇನ್ನೂ ನಡೆಯದ ಘಟನೆ ಈಗ ನಡೆಯುವುದನ್ನು ಆಯ್ಕೆ ಮಾಡಿದಂತಾಗುತ್ತದೆ. ಸಾಕ್ಷಿಗೆಂದು ಅವರು ಅಮೆರಿಕದ ಕಡೆ ಬೆರಳು ತೋರಿಸಿದರು. ಟೆಕ್ಸಸ್‌ನಲ್ಲಿ 87 ಕಿ.ಮೀ. ಸುತ್ತಳತೆಯ ಇನ್ನೂ ದೊಡ್ಡ ಯಂತ್ರಕ್ಕೆ ಸುರಂಗ ಕೊರೆಯುತ್ತಿದ್ದಾಗ, ಸುಮಾರು ಇನ್ನೂರು ಕೋಟಿ ಡಾಲರ್ ಖರ್ಚಾದ ಮೇಲೆ, 1993ರಲ್ಲಿ ಅಲ್ಲಿನ ಸಂಸತ್ತು ಯೋಜನೆಯನ್ನೇ ಕೈಬಿಟ್ಟಿತ್ತು.

ಇಷ್ಟಕ್ಕೇ ನಿಂತಿದ್ದರೆ ಇದು ಜ್ಯೋತಿಷಿಯ ಮಾತಿನಂತೆ ತೇಲಿಹೋಗುತ್ತಿತ್ತು. ಅವರು ಒಂದು ಪರೀಕ್ಷೆಯನ್ನೂ ಸೂಚಿಸಿದರು. ಲಕ್ಷಾಂತರ ಚೀಟಿಗಳಲ್ಲಿ ತೀರಾ ಕೆಲವದರಲ್ಲಿ ಮಾತ್ರ ‘ಯಂತ್ರ ಮುಚ್ಚಿ’ ಎಂದು ಬರೆದು ಸರ್ನ್ ಒಂದು ಚೀಟಿ ಎತ್ತಲಿ. ‘ನಡೆಸಿ’ ಎಂದು ಬಂದರೆ ನಡೆಸಲಿ. ಬರಲು ಸಾಧ್ಯವೇ ಇಲ್ಲವೆನ್ನಬಹುದಾದ ‘ಮುಚ್ಚಿ’ ಚೀಟಿಯೇ ಕೈಗೆ ಬಂದರೆ, ಭವಿಷ್ಯ ಕೈಹಾಕಿದೆ ಎಂಬುದಕ್ಕೆ ಅದೇ ಪುರಾವೆ. ಭವಿಷ್ಯ ಯಂತ್ರವನ್ನು ಹೇಗೂ ನಿಲ್ಲಿಸುವುದಾದರೆ ಅಪಘಾತದ ಮೂಲಕ ನಿಲ್ಲಿಸುವುದಕ್ಕಿಂತ ಚೀಟಿಯ ಮೂಲಕ ನಿಲ್ಲಿಸಲಿ, ನಷ್ಟವಾದರೂ ತಪ್ಪುತ್ತದೆ ಎಂಬುದು ಅವರ ಲೆಕ್ಕ.

ಸರ್ನ್ ಚೀಟಿ ಎತ್ತಲಿಲ್ಲ. 2009ರ ನವೆಂಬರ್ ಮೊದಲ ವಾರದಲ್ಲಿ ಹೊರಗಿನ ವಿದ್ಯುತ್ ಉಪಕರಣವೊಂದರ ಮೇಲೆ ಬ್ರೆಡ್ಡಿನ ತುಂಡು ಬಿದ್ದು ಶೀತಲ ವ್ಯವಸ್ಥೆಗೆ ಅಡ್ಡಿಯಾಯಿತು. ಹಕ್ಕಿಯೊಂದು ಅದನ್ನು ಬೀಳಿಸಿರಬೇಕು ಎಂದರು. ಪತ್ರಿಕೆಗಳಿಗೆ ಹಬ್ಬ: ಭವಿಷ್ಯ ಹಕ್ಕಿಯ ರೂಪದಲ್ಲಿ ಬಂದಿದೆ ಎಂದು ಬರೆದದ್ದೇ ಬರೆದದ್ದು. ಯಂತ್ರ ಮಾತ್ರ ಓಡಿತು. 2012ರ ಜುಲೈ 4ರಂದು, ಎರಡು ಬೇರೆ ಬೇರೆ ತಂಡಗಳು ಹಿಗ್ಸ್ ಬೋಸಾನ್ ಸಿಕ್ಕಿದೆ ಎಂದು ಪ್ರಕಟಿಸಿದವು. ಆಮೇಲೆ ಆ ಕಣಗಳು ಲಕ್ಷಗಟ್ಟಲೆ ಹುಟ್ಟಿದವು.

ಸಿದ್ಧಾಂತ ಸೋತಿತು. ಆದರೂ ಅದನ್ನು ಕಟ್ಟಿದವರ ಬಗ್ಗೆ ಗೌರವ ಹುಟ್ಟಲು ಕಾರಣವಿದೆ. ತಮ್ಮ ಮಾತು ಸುಳ್ಳೆಂದು ಹೇಗೆ ತೋರಿಸಬಹುದು ಎಂಬುದನ್ನು ಅವರು ಮೊದಲೇ, ಲಿಖಿತವಾಗಿ ಹೇಳಿದ್ದರು. ಕಾಲದ ಬಗ್ಗೆ ಹುಟ್ಟಿರುವ ನೂರೆಂಟು ಕಲ್ಪನೆಗಳಲ್ಲಿ ಯಾವುದನ್ನು ವಿಜ್ಞಾನವೆನ್ನಬೇಕು, ಯಾವುದನ್ನು ಕತೆ ಎನ್ನಬೇಕು ಎಂದು ವಿಂಗಡಿಸಲು ಇದಕ್ಕಿಂತ ಒಳ್ಳೆಯ ಒರೆಗಲ್ಲಿಲ್ಲ.

ಕಾಲಪ್ರಯಾಣವನ್ನೇ ಈ ಒರೆಗಲ್ಲಿಗೆ ಉಜ್ಜಿ ನೋಡೋಣ. ಮುಂದಿನ ಕಾಲಕ್ಕೆ ಹೋಗುವ ಪ್ರಯಾಣದಲ್ಲಿ ಯಾವ ತಕರಾರೂ ಇಲ್ಲ, ಅದು ನಡೆದೂ ಇದೆ. 1971ರ ಅಕ್ಟೋಬರಿನಲ್ಲಿ ಜೋಸೆಫ್ ಹೇಫಲಿ ಮತ್ತು ರಿಚರ್ಡ್ ಕೀಟಿಂಗ್ ನಾಲ್ಕು ಸೀಸಿಯಂ ಪರಮಾಣು ಗಡಿಯಾರಗಳನ್ನು ಪ್ರಯಾಣಿಕ ವಿಮಾನಗಳಲ್ಲಿ ಇಟ್ಟುಕೊಂಡು ಭೂಮಿ ಸುತ್ತಿದರು. ನೆಲದ ಗಡಿಯಾರಗಳಿಗೆ ಹೋಲಿಸಿದರೆ, ಪೂರ್ವಕ್ಕೆ ಹೋದಾಗ ಅವು ಸೆಕೆಂಡಿನ ನೂರು ಕೋಟಿಯಲ್ಲಿ 59 ಪಾಲು ಹಿಂದೆ ಬಿದ್ದವು, ಪಶ್ಚಿಮಕ್ಕೆ ಹೋದಾಗ 273 ಪಾಲು ಮುಂದೆ ಓಡಿದವು. ಮೊಬೈಲಿನಲ್ಲಿ ದಾರಿ ತೋರಿಸುವ ಜಿಪಿಎಸ್ ಉಪಗ್ರಹಗಳ ಗಡಿಯಾರಗಳು ದಿನಕ್ಕೆ ಸುಮಾರು 38 ಮೈಕ್ರೋಸೆಕೆಂಡ್ ಮುಂದೆ ಹೋಗುತ್ತವೆ. ಐನ್‌ಸ್ಟೈನ್ ಸೂತ್ರ ಬಳಸಿ ಅದನ್ನು ಸರಿಪಡಿಸದಿದ್ದರೆ ಒಂದೇ ದಿನದಲ್ಲಿ ಕಿಲೋಮೀಟರ್‌ಗಟ್ಟಲೆ ದಾರಿ ತಪ್ಪುತ್ತದೆ.

ಪೇಚಾಟ ಶುರುವಾಗುವುದು ಹಿಂದಕ್ಕೆ ತಿರುಗಿದಾಗ. ಹಿಂದಕ್ಕೆ ಹೋಗುವುದು ಸಾಧ್ಯವೆಂದು ಗಣಿತವಾಗಿ ಮೊದಲು ಸ್ಪಷ್ಟವಾಗಿ ತೋರಿಸಿದವರು ತರ್ಕಶಾಸ್ತ್ರದ ದಿಗ್ಗಜ ಕರ್ಟ್ ಗೋಡೆಲ್. ಪ್ರಿನ್ಸ್‌ಟನ್‌ನಲ್ಲಿ ಐನ್‌ಸ್ಟೈನ್‌ಗೆ ಅವರು ದಿನನಿತ್ಯದ ವಾಯುವಿಹಾರದ ಜೊತೆಗಾರ. ಮುದಿವಯಸ್ಸಿನಲ್ಲಿ ತಾನು ಕಚೇರಿಗೆ ಹೋಗುವುದೇ ಗೋಡೆಲ್ ಜೊತೆ ಮನೆಗೆ ನಡೆದು ಬರುವ ಭಾಗ್ಯಕ್ಕಾಗಿ ಎಂದು ಐನ್‌ಸ್ಟೈನ್ ಹೇಳುತ್ತಿದ್ದರಂತೆ. 1949ರಲ್ಲಿ ಐನ್‌ಸ್ಟೈನ್‌ಗೆ ಎಪ್ಪತ್ತು ತುಂಬಿದಾಗ ಗೋಡೆಲ್ ಕೊಟ್ಟ ಉಡುಗೊರೆ ಒಂದು ಇಡೀ ವಿಶ್ವ. ಐನ್‌ಸ್ಟೈನ್‌ರ ಸಮೀಕರಣಗಳನ್ನೇ ಬಿಡಿಸಿ, ಇಡಿಯಾಗಿ ಸುತ್ತುತ್ತಿರುವ ವಿಶ್ವವೊಂದನ್ನು ಅವರು ಕಾಗದದ ಮೇಲೆ ನಿಲ್ಲಿಸಿದರು. ಅಲ್ಲಿ ಬೆಳಕಿನ ವೇಗದ ಶೇಕಡ 71ರಷ್ಟು ವೇಗದಲ್ಲಿ ಸಾಕಷ್ಟು ದೊಡ್ಡ ಸುತ್ತು ಹಾಕಿದ ರಾಕೆಟ್ಟು ತಾನು ಹೊರಡುವ ಮೊದಲೇ ಹೊರಟ ಜಾಗಕ್ಕೆ ಬಂದು ಸೇರಬಹುದು.

ಗೋಡೆಲ್‌ಗೆ ಬೇಕಿದ್ದದ್ದು ಕಾಲಯಂತ್ರವಲ್ಲ. ಹೋಗಿ ಬರಬಹುದಾದ ಭೂತಕಾಲ ‘ಕಳೆದುಹೋಯಿತು’ ಎನ್ನುವುದಕ್ಕೆ ಅರ್ಥವಿಲ್ಲ, ಆದ್ದರಿಂದ ನಾವು ತಿಳಿದಂತೆ ಹರಿಯುವ ಕಾಲ ಎಂಬುದೇ ಇಲ್ಲ ಎಂದು ಅವರು ಸಾಧಿಸಹೊರಟಿದ್ದರು. ಐನ್‌ಸ್ಟೈನ್ ಇದನ್ನು ಗಂಭೀರವಾಗಿಯೇ ತೆಗೆದುಕೊಂಡರು. ಇಂಥ ಪರಿಹಾರಗಳನ್ನು ಭೌತಿಕ ಕಾರಣಗಳ ಮೇಲೆ ತಳ್ಳಿಹಾಕಬೇಕೇ ಎಂಬುದು ಯೋಚಿಸಬೇಕಾದ ವಿಷಯ ಎಂಬರ್ಥದ ಉತ್ತರ ಕೊಟ್ಟರು. ನಮ್ಮ ವಿಶ್ವ ಹಾಗೆ ಸುತ್ತುತ್ತಿರುವುದಕ್ಕೆ ಈವರೆಗೆ ಪುರಾವೆ ಸಿಕ್ಕಿಲ್ಲ. ಗೋಡೆಲ್ ಮಾತ್ರ, ವರ್ಷಗಳು ಕಳೆದರೂ, ಭೇಟಿಯಾದ ಖಗೋಳ ತಜ್ಞರನ್ನು ಗೆಲಾಕ್ಸಿಗಳು ಒಂದೇ ದಿಕ್ಕಿಗೆ ಸುತ್ತುತ್ತಿವೆಯೇ ಎಂದು ವಿಚಾರಿಸುತ್ತಲೇ ಇದ್ದರು.

ಕತೆಗಾರರು ಗಣಿತಕ್ಕಾಗಿ ಕಾಯಲಿಲ್ಲ. ಫ್ರೆಂಚ್ ಲೇಖಕ ರೆನೆ ಬಾರ್ಜಾವೆಲ್ 1943ರಲ್ಲಿ ಪ್ರಕಟಿಸಿದ ಕಾದಂಬರಿಯಲ್ಲಿ ಕಾಲಪ್ರಯಾಣಿಕನೊಬ್ಬ ನೆಪೋಲಿಯನ್ನನನ್ನು ಕೊಲ್ಲಲು ಹೋಗಿ ತನ್ನದೇ ವಂಶದ ಹಿರಿಯನನ್ನು ಕೊಂದುಬಿಡುತ್ತಾನೆ. ಹಿರಿಯ ಮಕ್ಕಳಿಲ್ಲದೆ ಸತ್ತ ಮೇಲೆ ಇವನು ಹುಟ್ಟಿದ್ದು ಹೇಗೆ? ಹುಟ್ಟದವನು ಕೊಂದದ್ದು ಹೇಗೆ? ‘ಅಜ್ಜನ ವಿರೋಧಾಭಾಸ’ ಎಂದು ಹೆಸರಾದ ಒಗಟು ಇದೇ. ರೇ ಬ್ರಾಡ್‌ಬರಿಯ 1952ರ ಕತೆಯಲ್ಲಿ ಡೈನೋಸಾರ್ ಬೇಟೆಗೆ ಹೋದವನು ಚಿಟ್ಟೆಯೊಂದನ್ನು ತುಳಿದು ಮರಳುತ್ತಾನೆ. ಬಂದು ನೋಡಿದರೆ ಗೋಡೆಯ ಫಲಕದಲ್ಲಿ ಕಾಗುಣಿತ ಬೇರೆಯಾಗಿದೆ, ಚುನಾವಣೆಯಲ್ಲಿ ಸೋತವನು ಗೆದ್ದಿದ್ದಾನೆ. ಭೂತಕಾಲವನ್ನು ಮುಟ್ಟಿದರೆ ಇಂದಿನ ವಾಸ್ತವವೇ ಬೇರೆಯಾದೀತು ಎಂಬ ಕಲ್ಪನೆ ಸಿನಿಮಾ ಮಂದಿರಗಳವರೆಗೆ ತಲುಪಿ ಬೇರೂರಿದ್ದು ಇಂಥ ಕತೆಗಳಿಂದ.

ಭೌತವಿಜ್ಞಾನ ಈ ಒಗಟಿಗೆ ಕೈಹಾಕಿದ್ದೂ ಒಂದು ಕಾದಂಬರಿಯ ದೆಸೆಯಿಂದಲೇ. ಖಗೋಳ ವಿಜ್ಞಾನಿ ಕಾರ್ಲ್ ಸಗಾನ್ 1985ರಲ್ಲಿ ಬಂದ ತಮ್ಮ ‘ಕಾಂಟ್ಯಾಕ್ಟ್’ ಕಾದಂಬರಿಯ ಹಸ್ತಪ್ರತಿಯನ್ನು ಗೆಳೆಯ, ಭೌತವಿಜ್ಞಾನಿ ಕಿಪ್ ಥಾರ್ನ್‌ಗೆ ಕಳಿಸಿದ್ದರು. ಅದರಲ್ಲಿ ನಾಯಕಿ ಕಪ್ಪುಕುಳಿಯ ಮೂಲಕ ದೂರದ ನಕ್ಷತ್ರಕ್ಕೆ ಹೋಗುತ್ತಾಳೆ. ಕಪ್ಪುಕುಳಿಗೆ ಬಿದ್ದವರು ಬದುಕುವುದಿಲ್ಲ ಎಂದು ಥಾರ್ನ್‌ಗೆ ಗೊತ್ತು. ಕ್ಯಾಲಿಫೋರ್ನಿಯಾದ ಹೆದ್ದಾರಿಯಲ್ಲಿ ಕಾರಿನಲ್ಲಿ ಕೂತು ಬರುವಾಗಲೇ ಅವರು ಬೇರೆ ದಾರಿ ಯೋಚಿಸಿದರು: ಆಕಾಶದ ಎರಡು ದೂರದ ಜಾಗಗಳನ್ನು ನೇರವಾಗಿ ಜೋಡಿಸುವ ಸುರಂಗ, ವರ್ಮ್‌ಹೋಲ್. ಅದು ಕುಸಿಯದಂತೆ ತೆರೆದಿಡಲು ಋಣ ಶಕ್ತಿಯುಳ್ಳ ವಿಚಿತ್ರ ಪದಾರ್ಥ ಬೇಕು. ಲೆಕ್ಕ ಮುಂದುವರಿದಂತೆ ಇನ್ನೊಂದು ಗೊತ್ತಾಯಿತು. ಸುರಂಗದ ಒಂದು ಬಾಯಿಯನ್ನು ಬೆಳಕಿನ ವೇಗದ ಸಮೀಪಕ್ಕೆ ಓಡಿಸಿ ಮರಳಿ ತಂದರೆ ಎರಡು ಬಾಯಿಗಳ ಗಡಿಯಾರಗಳು ಬೇರೆಯಾಗುತ್ತವೆ. ಆಗ ಒಂದು ಬಾಯಿಯಿಂದ ಹೊಕ್ಕು ಇನ್ನೊಂದರಿಂದ ನಿನ್ನೆಗೆ ಹೊರಬರಬಹುದು. ಥಾರ್ನ್, ಮೈಕೆಲ್ ಮಾರಿಸ್ ಮತ್ತು ಉಲ್ವಿ ಯುರ್ಟ್‌ಸೆವರ್ 1988ರಲ್ಲಿ ಇದನ್ನು ಪ್ರತಿಷ್ಠಿತ ಸಂಶೋಧನಾ ಪತ್ರಿಕೆಯಲ್ಲೇ ಪ್ರಕಟಿಸಿದರು.

ಟೆಕ್ಸಸ್‌ನಿಂದ ಜೋಸೆಫ್ ಪೋಲ್ಚಿನ್‌ಸ್ಕಿ ಒಂದು ಆಕ್ಷೇಪ ಬರೆದು ಕಳಿಸಿದರು. ಈ ವಿಷಯದಲ್ಲಿ ಬಂದ ಅತ್ಯಂತ ಚುರುಕಾದ ಪ್ರಶ್ನೆ ಅದು. ಅಜ್ಜನ ಒಗಟಿನಲ್ಲಿ ಮನುಷ್ಯನಿದ್ದಾನೆ, ಅವನ ಮನಸ್ಸಿದೆ, ಕೊನೆ ಗಳಿಗೆಯಲ್ಲಿ ಕೈ ನಡುಗಿತು ಎಂದು ಜಾರಿಕೊಳ್ಳಬಹುದು. ಪೋಲ್ಚಿನ್‌ಸ್ಕಿ ಮನುಷ್ಯನನ್ನು ತೆಗೆದು ಬಿಲಿಯರ್ಡ್ಸ್ ಚೆಂಡು ಇಟ್ಟರು. ಕೇರಂ ಆಡಿದವರು ಸ್ಟ್ರೈಕರ್ ಎಂದುಕೊಂಡರೂ ಆದೀತು. ನೀವು ಹೊಡೆದ ಸ್ಟ್ರೈಕರ್ ನೇರ ಪಾಕೆಟ್ಟಿಗೆ ಬೀಳುತ್ತದೆ, ಕೆಲವು ಕ್ಷಣ ಹಿಂದಿನ ಕಾಲದಲ್ಲಿ ಎದುರಿನ ಪಾಕೆಟ್ಟಿನಿಂದ ಹೊರಬರುತ್ತದೆ, ಬಂದದ್ದೇ ಇನ್ನೂ ಬೋರ್ಡಿನ ಮೇಲೆ ಜಾರುತ್ತಿರುವ ತನಗೇ ಬಡಿದು ತನ್ನನ್ನು ದಾರಿ ತಪ್ಪಿಸುತ್ತದೆ. ದಾರಿ ತಪ್ಪಿದ ಮೇಲೆ ಅದು ಪಾಕೆಟ್ಟಿಗೆ ಬೀಳುವುದಿಲ್ಲ. ಬೀಳದಿದ್ದರೆ ಹಿಂದೆ ಬಂದು ಬಡಿದದ್ದು ಯಾವುದು?

ಥಾರ್ನ್‌ರ ಇಬ್ಬರು ವಿದ್ಯಾರ್ಥಿಗಳು, ಫರ್ನಾಂಡೊ ಎಚೆವೆರಿಯಾ ಮತ್ತು ಗುನ್ನಾರ್ ಕ್ಲಿಂಕ್‌ಹ್ಯಾಮರ್, ನ್ಯೂಟನ್ ನಿಯಮಗಳನ್ನೇ ಹಿಡಿದು ಲೆಕ್ಕಕ್ಕೆ ಕೂತರು. ಉತ್ತರ ಯಾರೂ ನಿರೀಕ್ಷಿಸದ್ದಾಗಿತ್ತು. ಭವಿಷ್ಯದಿಂದ ಬಂದ ಚೆಂಡು ನೇರವಾಗಿ ಗುದ್ದದೆ ಪಕ್ಕಕ್ಕೆ ಸವರಿಕೊಂಡು ಹೋಗುತ್ತದೆ. ಆ ಸಣ್ಣ ಸವರುವಿಕೆಯಿಂದ ಮೊದಲ ಚೆಂಡಿನ ದಾರಿ ಕೊಂಚ ಓರೆಯಾಗುತ್ತದೆ, ಆದರೂ ಅದು ಸುರಂಗಕ್ಕೆ ಬೀಳುತ್ತದೆ. ಓರೆಯಾಗಿ ಬಿದ್ದದ್ದರಿಂದ ಓರೆಯಾಗಿಯೇ ಹೊರಬಂದು ನೇರ ಗುದ್ದುವ ಬದಲು ಸವರುತ್ತದೆ. ಎಲ್ಲೂ ವಿರೋಧವಿಲ್ಲ, ಲೆಕ್ಕ ಚುಕ್ತಾ. ಹೊಸ ತಲೆನೋವೆಂದರೆ ಇಂಥ ಸರಿಹೊಂದುವ ಪರಿಹಾರ ಒಂದಲ್ಲ, ಅನಂತ ಸಂಖ್ಯೆಯಲ್ಲಿವೆ. ಅವುಗಳಲ್ಲಿ ಯಾವುದು ನಡೆಯುತ್ತದೆ ಎಂದು ನ್ಯೂಟನ್ ನಿಯಮ ಹೇಳುವುದಿಲ್ಲ.

ರಷ್ಯಾದ ಇಗೋರ್ ನೋವಿಕೋವ್ ಪ್ರತಿಪಾದಿಸಿದ ತತ್ತ್ವ ಇದೇ: ಕಾಲದ ಕುಣಿಕೆಯಲ್ಲಿ ತನ್ನೊಳಗೆ ತಾನು ಒಪ್ಪುವ ಘಟನೆಗಳು ಮಾತ್ರ ನಡೆಯುತ್ತವೆ. ಭೂತಕಾಲದಲ್ಲಿ ಪಾಲ್ಗೊಳ್ಳಬಹುದು, ಅದನ್ನು ತಿದ್ದಲಾಗದು. 2020ರಲ್ಲಿ ಆಸ್ಟ್ರೇಲಿಯಾದ ಕ್ವೀನ್ಸ್‌ಲ್ಯಾಂಡ್ ವಿಶ್ವವಿದ್ಯಾಲಯದಲ್ಲಿ ಇನ್ನೂ ಪದವಿ ವಿದ್ಯಾರ್ಥಿಯಾಗಿದ್ದ ಜರ್ಮೇನ್ ಟೋಬಾರ್, ಮಾರ್ಗದರ್ಶಕ ಫ್ಯಾಬಿಯೊ ಕೋಸ್ಟಾ ಜೊತೆ, ಕುಣಿಕೆಯೊಳಗಿನವರಿಗೆ ತಮ್ಮಿಷ್ಟದಂತೆ ನಡೆಯುವ ಸ್ವಾತಂತ್ರ್ಯ ಇದ್ದೂ ವಿರೋಧ ಹುಟ್ಟದಿರುವುದು ಗಣಿತವಾಗಿ ಸಾಧ್ಯ ಎಂದು ತೋರಿಸಿದರು. ಕೊರೊನಾ ಕಾಲವಾದ್ದರಿಂದ ಅವರು ಕೊಟ್ಟ ಉದಾಹರಣೆಯೂ ಅದರದ್ದೇ. ಮೊದಲ ರೋಗಿಗೆ ಸೋಂಕು ತಗಲದಂತೆ ತಡೆಯಲು ನೀವು ಹಿಂದಕ್ಕೆ ಹೋದರೆ ನಿಮಗೇ ಸೋಂಕು ತಗಲಬಹುದು, ಇಲ್ಲವೇ ಇನ್ನೊಬ್ಬರಿಗೆ. ಏನೇ ಮಾಡಿದರೂ ಮುಖ್ಯ ಘಟನೆ ತನ್ನ ಸುತ್ತ ತಾನೇ ಮರುಹೊಂದಿಸಿಕೊಳ್ಳುತ್ತದೆ.

ಆಕ್ಸ್‌ಫರ್ಡ್‌ನ ಡೇವಿಡ್ ಡಾಯ್ಚ್ 1991ರಲ್ಲಿ ಇದೇ ಒಗಟನ್ನು ಕ್ವಾಂಟಮ್ ಭಾಷೆಗೆ ತಂದರು. ಅಲ್ಲಿ ಕಣವೊಂದು ‘ಇದೆ’ ಮತ್ತು ‘ಇಲ್ಲ’ ಎಂಬ ಎರಡರ ನಡುವೆ ಇರಬಹುದು. ಕೊಲೆಗಾರ ಅರ್ಧ ಸಂಭವನೀಯತೆಯಲ್ಲಿ ಹುಟ್ಟುತ್ತಾನೆ, ಹುಟ್ಟಿದರೆ ಅಜ್ಜನನ್ನು ಕೊಲ್ಲುತ್ತಾನೆ, ಅಜ್ಜ ಉಳಿಯುವ ಸಂಭವನೀಯತೆಯೂ ಅರ್ಧ, ಹಾಗಾಗಿ ಕೊಲೆಗಾರ ಮತ್ತೆ ಅರ್ಧ ಸಂಭವನೀಯತೆಯಲ್ಲಿ ಹುಟ್ಟುತ್ತಾನೆ. ಸುತ್ತು ಮುಚ್ಚಿತು. ಅಜ್ಜ ಸತ್ತ ಜಗತ್ತು, ಅಜ್ಜ ಬದುಕಿದ ಜಗತ್ತು ಎರಡೂ ಪಕ್ಕಪಕ್ಕದಲ್ಲಿ ಇವೆ ಎಂಬುದು ಡಾಯ್ಚ್ ನಂಬಿಕೆ. ವಾಸ್ತವ ಬದಲಾಗುವುದು ಎಂಬ ಕತೆಗಾರರ ಮಾತಿಗೆ ಭೌತಶಾಸ್ತ್ರದಲ್ಲಿ ಅತಿ ಹತ್ತಿರ ಬರುವ ಸಿದ್ಧಾಂತ ಇದು. ಆದರೆ ಇಲ್ಲೂ ಪ್ರಯಾಣಿಕ ಹೊರಟ ಜಗತ್ತು ಹೇಗಿತ್ತೋ ಹಾಗೇ ಉಳಿಯುತ್ತದೆ, ಅವನು ತಲುಪುವುದು ಬೇರೊಂದನ್ನು.

2014ರಲ್ಲಿ ಕ್ವೀನ್ಸ್‌ಲ್ಯಾಂಡ್‌ನ ತಂಡವೊಂದು ಬೆಳಕಿನ ಎರಡು ಕಣಗಳನ್ನು ಬಳಸಿ ಡಾಯ್ಚ್ ಲೆಕ್ಕವನ್ನು ಪ್ರಯೋಗದ ಮೇಜಿನ ಮೇಲೆ ಅನುಕರಿಸಿತು. ಒಂದು ಫೋಟಾನು ಹಿಂದಿನದರ ಪಾತ್ರ ವಹಿಸಿದರೆ ಇನ್ನೊಂದು ಮುಂದಿನದರ ಪಾತ್ರ. ಯಾವ ಕಣವೂ ನಿಜವಾಗಿ ನಿನ್ನೆಗೆ ಹೋಗಲಿಲ್ಲ. ಅದಕ್ಕೂ ಮೂರು ವರ್ಷ ಮೊದಲು ಸೇತ್ ಲಾಯ್ಡ್ ಮತ್ತು ಟೊರಾಂಟೊದ ಎಫ್ರೇಮ್ ಸ್ಟೈನ್‌ಬರ್ಗ್ ಮತ್ತಿತರರು ಬೇರೊಂದು ಕ್ವಾಂಟಮ್ ಮಾದರಿಯನ್ನು ಹೀಗೆಯೇ ಪರೀಕ್ಷಿಸಿದ್ದರು. ಫೋಟಾನು ತನ್ನ ಹಿಂದಿನ ರೂಪವನ್ನೇ ‘ಕೊಲ್ಲಲು’ ಅನುವಾಗುವಂತೆ ಕ್ವಾಂಟಮ್ ಬಂದೂಕೊಂದನ್ನು ಹೂಡಿದ್ದರು. ಕುಣಿಕೆ ಸರಿಯಾಗಿ ಮುಚ್ಚಿದ ಸಲವೆಲ್ಲ ಬಂದೂಕು ಹಾರಿರಲಿಲ್ಲ.

ಡಾಯ್ಚ್‌ರನ್ನು ಅಜ್ಜನ ಒಗಟಿಗಿಂತ ಹೆಚ್ಚು ಕಾಡಿದ್ದು ಬೇರೊಂದು ಒಗಟು. ಉದಾಹರಣೆಗೆ, ಶಿವರಾಮ ಕಾರಂತರ ‘ಮೂಕಜ್ಜಿಯ ಕನಸುಗಳು’ 1968ರಲ್ಲಿ ಪ್ರಕಟವಾಯಿತು. ಅದರ ಪ್ರತಿಯೊಂದನ್ನು ಯಾರೋ ಹಿಂದಕ್ಕೆ ಒಯ್ದು, ಕಾರಂತರು ಬರೆಯಲು ಕೂರುವ ಮೊದಲೇ ಅವರ ಕೈಗಿಟ್ಟರೆನ್ನಿ. ಕಾರಂತರು ಅದನ್ನು ನಕಲು ಮಾಡಿ ಅಚ್ಚಿಗೆ ಕೊಡುತ್ತಾರೆ. ಆ ಅಚ್ಚಿನ ಪ್ರತಿಯೇ ಮುಂದೆ ಹಿಂದಕ್ಕೆ ಹೋಗುತ್ತದೆ. ಇಲ್ಲಿ ಯಾರೂ ಸಾಯಲಿಲ್ಲ, ಯಾವ ಘಟನೆಯೂ ಇನ್ನೊಂದನ್ನು ಅಲ್ಲಗಳೆಯಲಿಲ್ಲ, ನೋವಿಕೋವ್ ತತ್ತ್ವಕ್ಕೆ ಇದು ಪೂರ್ತಿ ಒಪ್ಪಿಗೆ. ಆದರೆ ಮೂಕಜ್ಜಿಯನ್ನು ಕಲ್ಪಿಸಿದವರು ಯಾರು? ದುಡಿಮೆಯೇ ಇಲ್ಲದೆ ಜ್ಞಾನ ಹುಟ್ಟಿತು ಎಂದಾಯಿತು. ವಿಜ್ಞಾನ ಇದನ್ನು ಹೇಗೆ ಸಹಿಸೀತು ಎಂಬುದು ಡಾಯ್ಚ್ ಪ್ರಶ್ನೆ. ಇಂಥ ಕುಣಿಕೆ ಇದ್ದರೆ ಕಂಪ್ಯೂಟರುಗಳು ಯುಗಗಟ್ಟಲೆ ಹಿಡಿಯುವ ಲೆಕ್ಕಗಳನ್ನು ಚಿಟಿಕೆ ಹೊಡೆಯುವುದರಲ್ಲಿ ಮುಗಿಸಬಲ್ಲವು ಎಂದು ಸ್ಕಾಟ್ ಆರನ್‌ಸನ್ ಮತ್ತು ಜಾನ್ ವಾಟ್ರಸ್ ಆಮೇಲೆ ಸಾಧಿಸಿ ತೋರಿಸಿದರು.

ಈ ಎಲ್ಲ ಲೆಕ್ಕಾಚಾರದ ಹೊರಗೆ, ವಾಸ್ತವ ಈಗಾಗಲೇ ಬದಲಾಗಿದೆ ಎಂದು ನಂಬುವ ಜನರಿದ್ದಾರೆ. ನೆಲ್ಸನ್ ಮಂಡೇಲಾ 1980ರ ದಶಕದಲ್ಲೇ ಜೈಲಿನಲ್ಲಿ ತೀರಿಕೊಂಡದ್ದು ತಮಗೆ ಚೆನ್ನಾಗಿ ನೆನಪಿದೆ, ಟಿವಿಯಲ್ಲಿ ಅಂತ್ಯಕ್ರಿಯೆ ನೋಡಿದ್ದೇವೆ ಎನ್ನುವವರು ಬಹಳ. ಮಂಡೇಲಾ 1990ರಲ್ಲಿ ಬಿಡುಗಡೆಯಾದರು, 1994ರಲ್ಲಿ ರಾಷ್ಟ್ರಪತಿಯಾದರು, ತೀರಿಕೊಂಡದ್ದು 2013ರ ಡಿಸೆಂಬರ್‌ನಲ್ಲಿ. ಅಮೆರಿಕದ ಫಿಯೊನಾ ಬ್ರೂಮ್ ಇಂಥ ನೆನಪುಗಳಿಗೆ ‘ಮಂಡೇಲಾ ಪರಿಣಾಮ’ ಎಂದು ಹೆಸರಿಟ್ಟ ಮೇಲೆ, ಸರ್ನ್‌ನ ಯಂತ್ರವೇ ಕಾಲದ ಎಳೆಗಳನ್ನು ಕಲಸಿದೆ ಎಂಬ ವದಂತಿಯೂ ಅದಕ್ಕೆ ಅಂಟಿಕೊಂಡಿತು.

ಷಿಕಾಗೋ ವಿಶ್ವವಿದ್ಯಾಲಯದ ದೀಪಶ್ರೀ ಪ್ರಸಾದ್ ಮತ್ತು ವಿಲ್ಮಾ ಬೇನ್‌ಬ್ರಿಜ್ 2022ರಲ್ಲಿ ಇದನ್ನು ಅಳೆಯಬಹುದಾದ ರೂಪಕ್ಕೆ ತಂದರು. ಜನಪ್ರಿಯ ಲಾಂಛನ, ಕಾರ್ಟೂನ್ ಪಾತ್ರಗಳ 40 ಚಿತ್ರಗಳನ್ನು ತೆಗೆದುಕೊಂಡು, ಒಂದೊಂದಕ್ಕೂ ಸರಿಯಾದ ಒಂದು, ತಿದ್ದಿದ ಎರಡು ಆವೃತ್ತಿ ತೋರಿಸಿ ಯಾವುದು ನಿಜ ಎಂದು ಕೇಳಿದರು. ಏಳು ಚಿತ್ರಗಳಲ್ಲಿ ಜನ ತಪ್ಪಿದ್ದಷ್ಟೇ ಅಲ್ಲ, ಬಹುತೇಕರು ಒಂದೇ ರೀತಿ ತಪ್ಪಿದರು. ಪೋಕೆಮಾನ್‌ನ ಪಿಕಾಚುವಿನ ಬಾಲದ ತುದಿ ಕಪ್ಪು ಎಂದರು, ಅದು ಹಳದಿ. ಮೊನಾಪಲಿ ಆಟದ ಮೀಸೆ ತಾತನಿಗೆ ಒಂಟಿ ಕನ್ನಡಕ ಇದೆ ಎಂದರು, ಅವನಿಗೆ ಇಲ್ಲ. ಸರಿಯಾದ ಚಿತ್ರವನ್ನು ನೋಡಿದ ಸ್ವಲ್ಪ ಹೊತ್ತಿಗೇ ನೆನಪಿನಿಂದ ಬರೆಯಲು ಹೇಳಿದಾಗಲೂ ಅದೇ ತಪ್ಪು ಮತ್ತೆ ಬಂತು. ಕಾಲ ಕಲಸಿಹೋಗಿದ್ದರಿಂದ ಈ ನೆನಪು ಬಂದಿದ್ದರೆ, ಈಗಷ್ಟೇ ಕಣ್ಣಾರೆ ಕಂಡ ಚಿತ್ರ ತಪ್ಪಬೇಕಾಗಿರಲಿಲ್ಲ. ವದಂತಿಯನ್ನು ನಂಬಿದವರಿಗೆ ಇದರಿಂದ ಏನೂ ಆಗಲಿಲ್ಲ, ಏಕೆಂದರೆ ಯಾವ ದಾಖಲೆ ತೋರಿಸಿದರೂ ‘ಅದೂ ಬದಲಾಗಿದೆ’ ಎನ್ನಲು ಅವರಿಗೆ ಅವಕಾಶವಿದೆ. ನೀಲ್ಸನ್ ಮತ್ತು ನಿನೊಮಿಯಾ ತಮಗೆ ಇಟ್ಟುಕೊಳ್ಳದೆ ಬಿಟ್ಟದ್ದು ಈ ಅವಕಾಶವನ್ನೇ.

ಸ್ಟೀಫನ್ ಹಾಕಿಂಗ್ ಕೂಡ ಪರೀಕ್ಷೆಯ ದಾರಿಯನ್ನೇ ಹಿಡಿದರು. 2009ರ ಜೂನ್ 28ರಂದು ಕೇಂಬ್ರಿಜ್‌ನಲ್ಲಿ ಷಾಂಪೇನ್, ತಿಂಡಿ, ಬಲೂನುಗಳನ್ನು ಸಜ್ಜುಗೊಳಿಸಿ ಕಾಲಪ್ರಯಾಣಿಕರಿಗೆಂದು ಔತಣ ಏರ್ಪಡಿಸಿದರು, ಆಹ್ವಾನವನ್ನು ಬಹಿರಂಗಪಡಿಸಿದ್ದು ಔತಣ ಮುಗಿದ ಮೇಲೆ. ಯಾರೂ ಬರಲಿಲ್ಲ. ಅವರ ನಿಜವಾದ ವಾದ 1992ರಲ್ಲೇ ಬಂದಿತ್ತು. ಖಾಲಿ ಜಾಗವೂ ಕ್ವಾಂಟಮ್ ಏರಿಳಿತಗಳಿಂದ ತುಂಬಿದೆ. ವರ್ಮ್‌ಹೋಲ್ ಕಾಲಯಂತ್ರವಾಗುವ ಗಳಿಗೆ ಹತ್ತಿರವಾದಂತೆ ಆ ಏರಿಳಿತಗಳು ಕುಣಿಕೆಯಲ್ಲಿ ಸುತ್ತಿ ಸುತ್ತಿ ತಮ್ಮ ಮೇಲೇ ಪೇರಿಕೊಂಡು ಬೆಳೆಯುತ್ತವೆ, ಯಂತ್ರ ಕೆಲಸ ಶುರುಮಾಡುವ ಮೊದಲೇ ನಾಶವಾಗುತ್ತದೆ. ಭೌತ ನಿಯಮಗಳೇ ಕಾಲಾನುಕ್ರಮವನ್ನು ಕಾಯುತ್ತವೆ ಎಂಬುದು ಅವರ ಊಹೆ. ಥಾರ್ನ್ ಮತ್ತು ಕೊರಿಯಾದ ಸಂಗ್-ವಾನ್ ಕಿಮ್ ಇದೇ ಲೆಕ್ಕ ಮಾಡಿ, ಬೆಳವಣಿಗೆ ಯಂತ್ರವನ್ನು ಮುರಿಯುವಷ್ಟು ಆಗದಿರಬಹುದು ಎಂದಿದ್ದರು. ಹಾಕಿಂಗ್ ಜೊತೆಗಿನ ಅವರ ಭಿನ್ನಾಭಿಪ್ರಾಯ ಕೊನೆಗೆ ಸೆಕೆಂಡಿನ ಊಹಿಸಲಾಗದಷ್ಟು ಸಣ್ಣ ಪಾಲಿನಲ್ಲಿ ಏನು ನಡೆಯುತ್ತದೆ ಎಂಬಲ್ಲಿಗೆ ಬಂದು ನಿಂತಿತು.

1997ರಲ್ಲಿ ಬರ್ನಾರ್ಡ್ ಕೇ, ಮಾರೆಕ್ ರಾಡ್ಜಿಕೋವ್‌ಸ್ಕಿ ಮತ್ತು ರಾಬರ್ಟ್ ವಾಲ್ಡ್ ಈ ಜಗಳವನ್ನು ಇನ್ನೊಂದು ಹೆಜ್ಜೆ ಮುಂದೆ ಒಯ್ದರು. ಕಾಲಕುಣಿಕೆ ಶುರುವಾಗುವ ಗಡಿಯಲ್ಲಿ, ಇಂದು ಕೈಯಲ್ಲಿರುವ ಕ್ವಾಂಟಮ್ ಸಮೀಕರಣಗಳಿಗೆ ಅರ್ಥವೇ ಉಳಿಯದ ಬಿಂದುಗಳು ಇದ್ದೇ ಇರುತ್ತವೆ ಎಂದು ಅವರು ಗಣಿತವಾಗಿ ಸಾಧಿಸಿದರು. ಯಂತ್ರ ಉಳಿಯುತ್ತದೆ ಎನ್ನಲು ಆ ಸಮೀಕರಣಗಳು ಸಾಲವು, ಸಿಡಿಯುತ್ತದೆ ಎನ್ನಲೂ ಸಾಲವು. ಗುರುತ್ವವನ್ನೂ ಕ್ವಾಂಟಮ್ ನಿಯಮಗಳನ್ನೂ ಒಂದುಗೂಡಿಸುವ ಸಿದ್ಧಾಂತ ಬೇಕು. ಆ ಸಿದ್ಧಾಂತಕ್ಕಾಗಿ ಕೆಲಸ ಮಾಡುವವರು ತಮ್ಮ ಹೊಸ ಸಮೀಕರಣಗಳನ್ನು ಗೋಡೆಲ್‌ನ ಸುತ್ತುವ ವಿಶ್ವದಂಥ ಮಾದರಿಗಳ ಮೇಲೆ ಇಂದಿಗೂ ಪ್ರಯೋಗಿಸಿ ನೋಡುತ್ತಿದ್ದಾರೆ.